ಚೌಕಟ್ಟನ್ನು ಕೈಯಲ್ಲೇ ತೊಳೆಯಿರಿ

ನಾನು ನ್ಯೂಜೆರ್ಸಿಗೆ ಬಂದು ಹದಿನಾಲ್ಕು ವರ್ಷ ಆಯಿತು. ಊರು ಬಾಗಲಕೋಟೆ. ಇಲ್ಲಿ ಏಪ್ರಿಲ್ ಮುಗಿಯುತ್ತಿದ್ದಂತೆ ನಮ್ಮ ಓಣಿಯಲ್ಲಿ ರಭಸವಾಗಿ ನೀರು ಚಿಮ್ಮಿಸಿ ತೊಳೆಯುವ ಪ್ರೆಶರ್ ವಾಷರ್ ಸದ್ದು ಶುರುವಾಗುತ್ತದೆ. ಅಷ್ಟೊತ್ತಿಗೆ ಕಿಟಕಿ-ಬಾಗಿಲ ಸುತ್ತಲಿನ ಮರದ ಪಟ್ಟಿ, ಸೂರಿನಂಚಿನ ಹಲಗೆ ಎಲ್ಲ ಪಾಚಿ ಹಿಡಿದು ಹಸಿರಾಗಿರುತ್ತವೆ. ಬಿಸಿಲು ಬೀಳದ ಉತ್ತರದ ಬದಿಗೆ ಜಾಸ್ತಿ. ಜನ ಮಷಿನ್ ಬಾಡಿಗೆಗೆ ತಂದು, ನೀರು ಹೊಡೆದು, ಒಂದು ತಾಸಿನಲ್ಲಿ ಮುಗಿಸಿಬಿಡುತ್ತಾರೆ.

ಮನೆ ಕೊಂಡ ವರ್ಷ ನಾನೂ ಹಾಗೇ ಮಾಡಿದೆ. ಮರುವರ್ಷ ಅಡುಗೆಮನೆ ಕಿಟಕಿಯ ಕೆಳಪಟ್ಟಿಯ ಬಣ್ಣ ಹಪ್ಪಳದಂತೆ ಉಬ್ಬಿತ್ತು. ಸ್ಕ್ರೂಡ್ರೈವರ್ ತುದಿ ಒತ್ತಿದರೆ ಸಲೀಸಾಗಿ ಒಳಗೆ ಇಳಿಯಿತು. ರಭಸದ ನೀರು ಸಂದಿಯೊಳಗೆ ನುಗ್ಗಿ, ಹಲಗೆ ಕೊಯ್ದ ತುದಿಯಲ್ಲಿ ಇಂಗಿತ್ತು. ಮರ ನೀರು ಕುಡಿಯೋದು ಹೆಚ್ಚಾಗಿ ಆ ತುದಿಯಿಂದಲೇ.

ಆಗ ಅವ್ವನ ಕೈ ನೆನಪಾಯಿತು. ಆಲಮಟ್ಟಿ ಹಿನ್ನೀರಿಗೆ ಹಳೇ ಮನೆ ಬಿಟ್ಟು ನವನಗರಕ್ಕೆ ಬಂದಾಗ, ನಾವು ತೇಗದ ತಲಬಾಗಿಲ ಚೌಕಟ್ಟನ್ನು ಬಿಡಿಸಿ ಜೊತೆಗೆ ತಂದಿದ್ದೆವು. ಮಹಾನವಮಿಗೆ ಮುಂಚೆ ಹಾಸಿಗೆ-ಹೊದಿಕೆ ಒಗೆಯುವ ವಾರದಲ್ಲೇ ಅದರದ್ದೂ ಪಾಳಿ. ಅವ್ವ ಮೊದಲು ಒಣ ಅರಿವೆಯಲ್ಲಿ ಧೂಳು ಝಾಡಿಸುತ್ತಿದ್ದಳು. ಕಸಬರಿಗೆ ಕಡ್ಡಿಗೆ ಅರಿವೆ ಚೂರು ಸುತ್ತಿ ಬಳ್ಳಿ ಕೆತ್ತನೆಯ ಒಂದೊಂದೇ ಸಂದಿ ಕೆದಕುತ್ತಿದ್ದಳು. ಆಮೇಲೆ ಹಿಂಡಿದ ಹಸಿ ಅರಿವೆ. ಒಣಗಿದ ಮೇಲೆ ಅಗಸಿ ಎಣ್ಣೆ. "ಧೂಳು ತಗೀದನ ಎಣ್ಣಿ ಹಚ್ಚಬ್ಯಾಡೋ ತಮ್ಮಾ, ಕರ್ರಗ ಆಕ್ಕೈತಿ" ಅನ್ನುತ್ತಿದ್ದಳು.

ಎರಡೂ ಕಡೆ ಮರಕ್ಕೆ ಶತ್ರು ಬೇರೆ. ಇಲ್ಲಿ ವರ್ಷಕ್ಕೆ 1,100 ಮಿ.ಮೀ.ಗೂ ಜಾಸ್ತಿ ಮಳೆ. ನೀರೇ ಮರವನ್ನು ತಿನ್ನುತ್ತದೆ. ನಮ್ಮಲ್ಲಿ 600 ಮಿ.ಮೀ. ಕೂಡ ಬೀಳೋದಿಲ್ಲ, ಧೂಳು, ಬಿಸಿಲು, ಗೆದ್ದಲಿನ ಕಾಟ. ಆದರೆ ಕೈಯಲ್ಲಿ ಒರೆಸುವವರಿಗೆ ಎಲ್ಲಿ ಸೀಳಿದೆ, ಎಲ್ಲಿ ಮೆತ್ತಗಾಗಿದೆ ಅನ್ನೋದು ಎರಡೂ ಕಡೆ ಬೆರಳಿಗೇ ಗೊತ್ತಾಗುತ್ತದೆ. ನಾನು ಮಷಿನ್ ಬಿಟ್ಟಿದ್ದು ಇದಕ್ಕೇ. ಈಗ ಒಂದು ಬಕೆಟ್ ನೀರಿಗೆ ಸ್ವಲ್ಪ ಪಾತ್ರೆ ತೊಳೆಯುವ ಸೋಪು, ಒಂದು ಮೆತ್ತನೆ ಬ್ರಷ್, ಅಷ್ಟೇ. ಕೆಳಗಿನಿಂದ ಮೇಲಕ್ಕೆ ಉಜ್ಜುತ್ತೇನೆ. ಮೇಲಿಂದ ಶುರುಮಾಡಿದರೆ ಕೊಳೆ ನೀರು ಒಣ ಜಾಗದ ಮೇಲೆ ಇಳಿದು ಗೆರೆ ಬೀಳುತ್ತದೆ. ಕೊನೆಗೆ ಮೇಲಿಂದ ಕೆಳಕ್ಕೆ ಸುಮ್ನೆ ಪೈಪ್ ನೀರು ಬಿಟ್ಟರೆ ಸಾಕು.

ಹಾಗಂತ ನಮ್ಮೂರಿನವರು ಈಗ ಮಾಡುತ್ತಿರುವುದೂ ನನಗೆ ಹಿಡಿಸೋದಿಲ್ಲ. ಹೋದ ಸಲ ಹೋದಾಗ ಅದೇ ಚೌಕಟ್ಟಿಗೆ ಕಂದು ಆಯಿಲ್ ಪೇಂಟ್ ಬಳಿದಿದ್ದರು. ಒರೆಸದೆ, ಧೂಳಿನ ಮೇಲೇ. ಬಳ್ಳಿಯ ಎಲೆಗಳೆಲ್ಲ ಮುಚ್ಚಿಹೋಗಿ ಬರೀ ಉಬ್ಬು ಉಳಿದಿತ್ತು. ನೋಡಿ ಹೊಟ್ಟೆ ಉರಿಯಿತು. "ಪೇಂಟ್ ಬಳಿದರೆ ಐದು ವರ್ಷ ನೋಡೋ ಹಂಗಿಲ್ಲ" ಅಂದ ತಮ್ಮ. ನೋಡದೇ ಇದ್ದರೆ ಒಳಗೆ ಗೆದ್ದಲು ಹತ್ತಿದ್ದು ಯಾರಿಗೆ ಗೊತ್ತಾಗಬೇಕು, ಅಲ್ವಾ?

ಹಳೇ ಪೇಂಟ್ ಕೆರೆಯುವವರು ಒಂದು ಮಾತು ನೆನಪಿಡಿ. ಹಳೇ ಬಣ್ಣದಲ್ಲಿ ವಿಷಕಾರಿ ಸೀಸ ಇರಬಹುದು. ಅಮೆರಿಕದಲ್ಲಿ ಮನೆ ಬಣ್ಣದಲ್ಲಿ ಅದನ್ನು ಬಳಸುವುದನ್ನು 1978ರಲ್ಲಿ ನಿಷೇಧಿಸಿದರು. ನಮ್ಮಲ್ಲಿ ಸೀಸಕ್ಕೆ 90 ಪಿಪಿಎಂ (ಹತ್ತು ಲಕ್ಷ ಭಾಗಕ್ಕೆ 90 ಭಾಗ) ಮಿತಿ ಜಾರಿಗೆ ಬಂದದ್ದು 2017ರ ನವೆಂಬರ್‌ನಲ್ಲಿ. ಅದಕ್ಕೂ ಹಳೆಯ ಬಣ್ಣವಾದರೆ ಒಣಗಿದ್ದಾಗ ಉಜ್ಜಲೇಬೇಡಿ. ನೀರು ಚಿಮುಕಿಸಿ, ಮಾಸ್ಕ್ ಹಾಕಿಕೊಂಡು, ಮಕ್ಕಳನ್ನು ದೂರ ಇಟ್ಟು ಕೆರೆಯಿರಿ. ಬಿದ್ದ ಪುಡಿಯನ್ನು ಅಂಗಳಕ್ಕೆ ಗುಡಿಸದೆ ಕಟ್ಟಿ ಬಿಸಾಡಿ. ಅಗಸಿ ಎಣ್ಣೆ ತೆಳ್ಳಗೆ ಹಚ್ಚಿ, ಉಳಿದದ್ದನ್ನು ಒರೆಸಿ ತೆಗೆಯಿರಿ. ದಪ್ಪಗೆ ಹಚ್ಚಿದರೆ ಅಂಟಂಟಾಗಿ ಮತ್ತೆ ಧೂಳು ಹಿಡಿಯುತ್ತದೆ. ಎಣ್ಣೆ ಒರೆಸಿದ ಅರಿವೆಯನ್ನು ಮುದ್ದೆ ಮಾಡಿ ಮೂಲೆಗೆ ಎಸೆಯಬೇಡಿ, ತಾನಾಗೇ ಬಿಸಿಯಾಗಿ ಬೆಂಕಿ ಹತ್ತಬಹುದು. ಬಿಡಿಸಿ ಹೊರಗೆ ಒಣಹಾಕಿ.

ಈ ಸಲ ಮಹಾನವಮಿಗೆ ಹದಿನೈದು ದಿನ ಮೊದಲೇ ಊರಿಗೆ ಹೋಗುತ್ತಿದ್ದೇನೆ. ನಾನು ಬರುವ ತನಕ ಬಾಗಿಲು ಮುಟ್ಟಬೇಡ ಅಂತ ತಮ್ಮನಿಗೆ ಹೇಳಿದ್ದೇನೆ. ಕಡ್ಡಿಗೆ ಸುತ್ತಲು ಹಳೇ ಧೋತರದ ಅರಿವೆ ಎತ್ತಿಟ್ಟಿದ್ದೇನೆ ಅಂತ ಅವ್ವ ಮೊನ್ನೆ ಫೋನಿನಲ್ಲಿ ಹೇಳಿದಳು.