ಹಾಳೂರಿಗೆ ಉಳಿದವರೇ ಗೌಡರು

ಕೆಲವು ವರ್ಷಗಳ ಹಿಂದೆ ಹಳೇ ಗೆಳೆಯನೊಬ್ಬ ಫೋನ್ ಮಾಡಿದ್ದ. "ಲೇ, ನಿಮ್ಮ ಇಂಗ್ಲೆಂಡಲ್ಲಿ ಒಂದು ಪೌಂಡ್‌ಗೆ ಮನೆ ಕೊಡ್ತಿದಾರಂತಲ್ಲೋ! ಗೊತ್ತಿದ್ದೂ ಸುಮ್ನೆ ಕೂತಿದೀಯಾ? ನಾಲ್ಕು ತಗೊಂಡು ಹಾಕ್ಬಾರ್ದಾ?" ಅಂದ.

ಸುದ್ದಿ ಸುಳ್ಳಲ್ಲ. ಲಿವರ್‌ಪೂಲ್ ನಗರಸಭೆ 2013ರಲ್ಲಿ ತನ್ನ ಕೈಯಲ್ಲಿದ್ದ ಪಾಳುಮನೆಗಳನ್ನು ಒಂದೊಂದು ಪೌಂಡ್‌ಗೆ ಕೊಡಲು ಶುರು ಮಾಡಿತ್ತು. ಆದರೆ ಷರತ್ತುಗಳಿದ್ದವು. ತಗೊಳ್ಳುವವರಿಗೆ ಅದು ಮೊದಲನೇ ಮನೆಯಾಗಿರಬೇಕು. ರಿಪೇರಿ ಸ್ವಂತ ದುಡ್ಡಲ್ಲಿ. ಆಮೇಲೆ ಐದು ವರ್ಷ ಅದರಲ್ಲೇ ವಾಸ ಮಾಡಬೇಕು. ನಾಲ್ಕು ತಗೊಂಡು ಹಾಕುವ ಆಸಾಮಿಗಳನ್ನು ದೂರ ಇಡಲೆಂದೇ ಮಾಡಿದ ನಿಯಮ ಅದು.

ಗೆಳೆಯನಿಗೆ ಇದನ್ನೆಲ್ಲ ಹೇಳಿದೆ. ಅವನಿಗೆ ಅರ್ಥವಾಗದೇ ಉಳಿದದ್ದು ಒಂದೇ ಪ್ರಶ್ನೆ: ದೊಡ್ಡ ನಗರದ ಒಳಗಿನ ಮನೆಗೆ ಬೆಲೆಯೇ ಇಲ್ಲ ಅಂದ್ರೆ ಹೇಗೆ? ನಿಜ ಹೇಳಬೇಕೆಂದರೆ ಇಲ್ಲಿಗೆ ಬಂದ ಹೊಸದರಲ್ಲಿ ನನಗೂ ಅದು ಅರ್ಥವಾಗಿರಲಿಲ್ಲ. ನಾವು ಊರುಗಳು ಉಬ್ಬುವುದನ್ನು ನೋಡಿಕೊಂಡೇ ಬೆಳೆದವರು. ಊರು ಕುಗ್ಗುತ್ತದೆ ಅನ್ನುವುದು ನಮ್ಮ ತಲೆಗೆ ಹತ್ತುವುದಿಲ್ಲ. ಲಿವರ್‌ಪೂಲಿನಲ್ಲಿ 1931ರಲ್ಲಿ ಸುಮಾರು ಎಂಟೂವರೆ ಲಕ್ಷ ಜನರಿದ್ದರು. 2001ರ ಹೊತ್ತಿಗೆ ಅದು ನಾಲ್ಕೂವರೆ ಲಕ್ಷಕ್ಕಿಂತ ಕಡಿಮೆ. ಹಡಗಿನ ಸರಕು ಕಂಟೇನರಿಗೆ ಬಂತು, ಹಮಾಲರಿಗೆ ಕೆಲಸ ಹೋಯ್ತು. ಕಾರ್ಖಾನೆಗಳು ಮುಚ್ಚಿದವು. ಸರ್ಕಾರವೇ ಜನರನ್ನು ಹೊರವಲಯದ ಹೊಸ ಊರುಗಳಿಗೆ ಸಾಗಿಸಿತು. 1981ರಲ್ಲಿ ಟಾಕ್ಸ್‌ಟೆತ್ ಬಡಾವಣೆಯಲ್ಲಿ ಗಲಭೆ ಎದ್ದ ಮೇಲೆ, ಲಿವರ್‌ಪೂಲಿಗೆ ದುಡ್ಡು ಸುರಿಯುವ ಬದಲು ಅದನ್ನು ಮೆಲ್ಲಗೆ ಇಳಿಯಲು ಬಿಡಬಹುದೇನೋ ಅಂತ ಅಂದಿನ ಹಣಕಾಸು ಮಂತ್ರಿ ಜೆಫ್ರಿ ಹೌ ಪ್ರಧಾನಿಗೆ ಬರೆದಿದ್ದರು. ಮೂವತ್ತು ವರ್ಷದ ನಂತರ ಆ ಕಾಗದ ಹೊರಬಂದಾಗ ಊರಿಗೆ ಊರೇ ಕೆಂಡವಾಯಿತು.

ಹೀಗೆ ಕುಗ್ಗಿದ ಊರನ್ನು ಎತ್ತಿ ನಿಲ್ಲಿಸಲು ಈ ದೇಶದಲ್ಲಿ ಎರಡು ದಾರಿ ನೋಡಿದ್ದೇನೆ. ಒಂದು, ಎಲ್ಲ ಕೆಡವಿ ಹೊಸದಾಗಿ ಕಟ್ಟುವುದು. ಇನ್ನೊಂದು, ಇರುವುದನ್ನೇ ತೇಪೆ ಹಾಕಿ ಉಳಿಸಿಕೊಳ್ಳುವುದು. ನಾನು ಎರಡನೆಯದರ ಕಡೆಯವನು ಅಂತ ಮೊದಲೇ ಹೇಳಿಬಿಡುತ್ತೇನೆ.

ನಾನಿರುವ ಮ್ಯಾಂಚೆಸ್ಟರಿನಲ್ಲಿ ಹ್ಯೂಮ್ ಅಂತ ಒಂದು ಬಡಾವಣೆ ಇದೆ. 1960ರ ದಶಕದಲ್ಲಿ ಅಲ್ಲಿನ ಹಳೇ ಸಾಲುಮನೆಗಳನ್ನು ಗುಡಿಸಿ ಹಾಕಿದರು. 1972ಕ್ಕೆ ಅಲ್ಲಿ ಅರ್ಧಚಂದ್ರದ ಆಕಾರದ ನಾಲ್ಕು ದೈತ್ಯ ಕಟ್ಟಡಗಳು ಎದ್ದವು. ಹೆಸರೇ ಕ್ರೆಸೆಂಟ್ಸ್. ಪ್ರತಿ ಮಹಡಿಗೂ ಉದ್ದನೆಯ ಮೊಗಸಾಲೆ, ಅದೇ ಬೀದಿ, ಅಂತ ಲೆಕ್ಕ. ಎರಡೇ ವರ್ಷಕ್ಕೆ ಒಂದು ಮಗು ಮೇಲಿನ ಮಹಡಿಯಿಂದ ಬಿದ್ದು ಸತ್ತಿತು. ತೈಲದ ಬೆಲೆ ಏರಿದಾಗ ನೆಲದಡಿಯ ಹೀಟಿಂಗ್ ಹಚ್ಚಲು ಯಾರಿಗೂ ಕೈಲಾಗಲಿಲ್ಲ. ತೇವ, ಜಿರಳೆ. ಮಕ್ಕಳೊಂದಿಗರನ್ನು ನಗರಸಭೆಯೇ ಬೇರೆಡೆ ಕಳಿಸಿತು. 1990ರ ದಶಕದ ನಡುವೆ ಅಷ್ಟನ್ನೂ ಕೆಡವಿದರು. ಒಂದು ಮನೆ ಒಬ್ಬ ಮನುಷ್ಯನ ಸಾಲ ತೀರುವಷ್ಟು ಕಾಲವೂ ಬಾಳಲಿಲ್ಲ!

ಆದರೆ ಇದೇ ಮಾದರಿಯ ಕಟ್ಟಡ ಶೆಫೀಲ್ಡಿನಲ್ಲಿದೆ. ಪಾರ್ಕ್ ಹಿಲ್, 1961ರಲ್ಲಿ ಮುಗಿದದ್ದು. ಅದೇ ಮೊಗಸಾಲೆ ಬೀದಿಗಳು, ಹಾಲಿನ ಗಾಡಿ ಮನೆ ಬಾಗಿಲಿಗೇ ಬರುವಷ್ಟು ಅಗಲ. ಅದೂ ಹಾಳಾಯಿತು. 1998ರಲ್ಲಿ ಅದನ್ನು ರಕ್ಷಿತ ಕಟ್ಟಡ ಅಂತ ಘೋಷಿಸಿದ್ದರಿಂದ ಕೆಡವಲು ಬರಲಿಲ್ಲ. ಕಾಂಕ್ರೀಟ್ ಚೌಕಟ್ಟು ಉಳಿಸಿಕೊಂಡು ಒಳಗೆಲ್ಲ ಹೊಸದು ಮಾಡಿದರು. ಈಗ ಚೆನ್ನಾಗೇ ಇದೆ. ಹಾಗಾದರೆ ಕೆಟ್ಟದ್ದು ನಕ್ಷೆಯಾ, ನೋಡಿಕೊಂಡ ರೀತಿಯಾ? ಹ್ಯೂಮಿನಲ್ಲಿ ಕ್ರೆಸೆಂಟ್ಸ್ ಕೆಡವಿದ ಮೇಲೆ ಅಲ್ಲಿದ್ದವರೇ ಕೆಲವರು ಸಹಕಾರ ಸಂಘ ಮಾಡಿಕೊಂಡು ಮನೆ ಕಟ್ಟಿಸಿದರು. ವಾಸ್ತುಶಿಲ್ಪಿಗಳ ಹತ್ತಿರ ಅವರು ಕೇಳಿದ್ದೇನು ಗೊತ್ತಾ? ಮೊಗಸಾಲೆ! ಅಕ್ಕಪಕ್ಕದವರು ನಿಂತು ಮಾತಾಡುವ ಆ ಜಾಗ ಅವರಿಗೆ ಇಷ್ಟವಾಗಿತ್ತು. ಇಷ್ಟವಾಗದೇ ಇದ್ದದ್ದು ತೇವ ಮತ್ತು ಜಿರಳೆ. ಪಾರ್ಕ್ ಹಿಲ್ಲಿನ ಬಗ್ಗೆ ನನ್ನದೊಂದು ತಕರಾರಿದೆ. ಮೊದಲು ಅದು ಪೂರ್ತಿ ನಗರಸಭೆಯ ಬಾಡಿಗೆ ಮನೆ. ಈಗ ಕಡಿಮೆ ಬಾಡಿಗೆಗೆ ಉಳಿದದ್ದು ಸಣ್ಣ ಪಾಲು. ಗೋಡೆ ಉಳಿಯಿತು, ಗೋಡೆಯೊಳಗಿದ್ದವರು ಬಹುಪಾಲು ಉಳಿಯಲಿಲ್ಲ.

ಕೆಡವುವ ಯೋಜನೆಗಳಲ್ಲಿ ನನಗೆ ಜಾಸ್ತಿ ಸಿಟ್ಟು ಬರುವುದು ಬುಲ್ಡೋಜರ್ ನೋಡಿ ಅಲ್ಲ, ಬುಲ್ಡೋಜರಿಗೆ ಮುಂಚಿನ ಕಾಯುವಿಕೆ ನೋಡಿ. 2002ರಲ್ಲಿ ಇಂಗ್ಲೆಂಡಿನ ಉತ್ತರ ಮತ್ತು ನಡುಭಾಗದ ಊರುಗಳಿಗಾಗಿ ಪಾತ್‌ಫೈಂಡರ್ ಅನ್ನುವ ಯೋಜನೆ ಬಂತು. ಮನೆಗಳಿಗೆ ಬೆಲೆ ಇಲ್ಲ, ಹಾಗಾಗಿ ಒಂದಷ್ಟು ಕೆಡವಿ, ಒಂದಷ್ಟು ರಿಪೇರಿ ಮಾಡಿ, ಮಾರುಕಟ್ಟೆ ಎಬ್ಬಿಸೋಣ ಅಂತ. ಈ ಬೀದಿ ಕೆಡವುತ್ತೇವೆ ಅಂತ ಘೋಷಣೆ ಆದ ದಿನವೇ ಆ ಬೀದಿ ಸತ್ತಂತೆ. ನಾಳೆ ಹೋಗುವ ಮನೆಗೆ ಇವತ್ತು ಯಾರು ಸುಣ್ಣ ಬಳಿಯುತ್ತಾರೆ? ಬ್ಯಾಂಕ್ ಸಾಲ ಕೊಡಲ್ಲ. ಖಾಲಿಯಾದ ಒಂದೊಂದೇ ಮನೆಗೆ ಕಿಟಕಿ ಬಾಗಿಲಿಗೆ ತಗಡು ಬಡಿಯುತ್ತಾರೆ. ಅಕ್ಕಪಕ್ಕ ತಗಡು, ನಡುವೆ ದೀಪ ಉರಿಯುವ ಒಂದು ಮನೆ. ಅಲ್ಲಿರುವವರ ಸ್ಥಿತಿ ಊಹಿಸಿಕೊಳ್ಳಿ. ಕೊನೆಗೆ ಅಧಿಕಾರಿಗಳು ಬಂದು, ನೋಡಿ ಹೇಗಾಗಿದೆ, ಕೆಡವದೆ ವಿಧಿಯಿಲ್ಲ ಅನ್ನುತ್ತಾರೆ. 2011ರಲ್ಲಿ ಸರ್ಕಾರ ಯೋಜನೆಯನ್ನೇ ನಿಲ್ಲಿಸಿತು. ತಗಡು ಹಾಗೇ ಉಳಿಯಿತು.

"ಹಾಳೂರಿಗೆ ಉಳಿದವನೇ ಗೌಡ" ಅನ್ನುವ ಗಾದೆಯನ್ನು ನಾವು ಗೇಲಿಗೆ ಬಳಸುತ್ತೇವೆ ಅಲ್ವಾ? ಲಿವರ್‌ಪೂಲಿನ ಗ್ರ್ಯಾನ್ಬಿ ನೋಡಿದ ಮೇಲೆ ಆ ಗಾದೆ ನನಗೆ ಗೇಲಿಯಾಗಿ ಕೇಳುವುದಿಲ್ಲ. ಟಾಕ್ಸ್‌ಟೆತ್‌ನಲ್ಲಿರುವ ಬೀದಿಗಳು ಇವು. ಸುತ್ತಲಿನ ಬೀದಿಗಳು ಬಹಳಷ್ಟು ನೆಲಸಮವಾಗಿ ನಾಲ್ಕು ಉಳಿದಿದ್ದವು. ಅವುಗಳಲ್ಲೂ ಬಹುಪಾಲು ಮನೆಗಳು ಖಾಲಿ. ಉಳಿದವರಲ್ಲಿ ಕೆಲವರು, ಹೆಚ್ಚಿನವರು ಹೆಂಗಸರು, ಒಂದು ದಿನ ಪೊರಕೆ ಹಿಡಿದು ಬೀದಿಗಿಳಿದರು. ಕಸ ಗುಡಿಸಿದರು. ತಗಡಿನ ಮೇಲೆ ಬಣ್ಣ ಬಳಿದರು, ಪಾಳುಮನೆಗಳ ಮುಂದೆ ಹೂಕುಂಡ ಇಟ್ಟರು, ತಿಂಗಳಿಗೊಮ್ಮೆ ಬೀದಿಯಲ್ಲೇ ಸಂತೆ ನಡೆಸಿದರು. ಯಾರ ಅಪ್ಪಣೆಯೂ ಇಲ್ಲ. 2011ರಲ್ಲಿ ಜಮೀನು ಟ್ರಸ್ಟ್ ಮಾಡಿಕೊಂಡರು. ಅಂದರೆ ಮನೆ ಯಾರಿಗೆ ಕೊಟ್ಟರೂ ನೆಲದ ಹಿಡಿತ ಟ್ರಸ್ಟಿನದು, ಬೆಲೆ ಸ್ಥಳೀಯ ಸಂಬಳಕ್ಕೆ ತಕ್ಕಂತೆ. ಹತ್ತು ಮನೆ ಅವರ ಕೈಗೆ ಬಂತು. ಅಸೆಂಬಲ್ ಅನ್ನುವ ಯುವ ವಿನ್ಯಾಸಕರ ಗುಂಪು ಜೊತೆಗೂಡಿತು. ಇದ್ದ ಗೋಡೆ ಉಳಿಸಿಕೊಂಡು, ಒಡೆದ ಇಟ್ಟಿಗೆ ಕಲ್ಲುಗಳನ್ನೇ ಎರಕ ಹೊಯ್ದು ಅಗ್ಗಿಷ್ಟಿಕೆಯ ಚೌಕಟ್ಟು ಮಾಡಿದರು. 2015ರಲ್ಲಿ ಈ ಕೆಲಸಕ್ಕೆ ಟರ್ನರ್ ಪ್ರಶಸ್ತಿ ಬಂತು. ಬ್ರಿಟನ್ನಿನ ದೊಡ್ಡ ಕಲಾ ಪ್ರಶಸ್ತಿ, ಮನೆ ರಿಪೇರಿಗೆ! ಎರಡು ಮನೆಗಳ ಒಳಗೆ ನೆಲವೇ ಕುಸಿದು ಬರೀ ಹೊರಗೋಡೆ ನಿಂತಿತ್ತು. ಅವನ್ನು ಒಂದಾಗಿಸಿ, ಮೇಲೆ ಗಾಜು ಹೊದಿಸಿ, ಒಳಗೆ ಮರ ನೆಟ್ಟು ಎಲ್ಲರ ತೋಟ ಮಾಡಿದ್ದಾರೆ.

ಅಲ್ಲಿಂದ ದೂರವೇನಿಲ್ಲ, ಬೀಟಲ್ಸ್‌ನ ರಿಂಗೋ ಸ್ಟಾರ್ ಹುಟ್ಟಿದ ಮ್ಯಾಡ್ರಿನ್ ಸ್ಟ್ರೀಟ್. ಅದೂ ಕೆಡವುವ ಪಟ್ಟಿಯಲ್ಲಿತ್ತು. 2015ರ ಜನವರಿಯಲ್ಲಿ ಕೇಂದ್ರ ಸರ್ಕಾರ ಬೇಡ ಅಂದಿತು. ಕೆಡವದೆ ವಿಧಿಯಿಲ್ಲ ಅಂದಿದ್ದ ಅದೇ ಮನೆಗಳು ರಿಪೇರಿಯಾಗಿ ಈಗ ಬಾಡಿಗೆಗೆ ಹೋಗಿವೆ.

ಹಾಗಾದರೆ ಎಲ್ಲರೂ ಯಾಕೆ ರಿಪೇರಿ ಮಾಡುವುದಿಲ್ಲ? ಇಲ್ಲಿ ಒಂದು ತೆರಿಗೆಯ ಕಥೆ ಇದೆ. ಬ್ರಿಟನ್ನಿನಲ್ಲಿ ಹೊಸ ಮನೆ ಕಟ್ಟಿದರೆ ವ್ಯಾಟ್ ಸೊನ್ನೆ. ಹಳೇ ಮನೆ ರಿಪೇರಿಗೆ ಶೇಕಡಾ 20. ಎರಡು ವರ್ಷ ಖಾಲಿ ಬಿದ್ದ ಮನೆಗಾದರೆ ಶೇಕಡಾ 5. ಇನ್ನೊಮ್ಮೆ ಓದಿ. ಬಿಡದೆ ಅಲ್ಲೇ ಇದ್ದು ಸೂರು ಸರಿ ಮಾಡಿಸಿಕೊಳ್ಳುವವನಿಗೆ 20, ಬಿಟ್ಟು ಹೋದವನ ಮನೆಗೆ 5, ಕೆಡವಿ ಕಟ್ಟುವವನಿಗೆ ಏನೂ ಇಲ್ಲ! ವಾಸ್ತುಶಿಲ್ಪಿ ರಿಚರ್ಡ್ ರಾಜರ್ಸ್ ಮುಂದಾಳತ್ವದ ನಗರ ಸಮಿತಿ 1999ರಲ್ಲೇ ಇದನ್ನು ಸರಿ ಮಾಡಿ ಅಂದಿತ್ತು. ಆ ವರದಿಯ ಬೇರೆ ಮಾತುಗಳಿಗೆ ಬೆಲೆ ಸಿಕ್ಕಿತು. ಹೊಸ ಮನೆಗಳು ಹೊಲದ ಮೇಲಲ್ಲ, ಹಳೇ ಕಾರ್ಖಾನೆಯ ಜಾಗಗಳ ಮೇಲೆ ಬರಲಿ ಅನ್ನುವ ಚಿಂತನೆ ಆ ಕಾಲದ್ದೇ. ತೆರಿಗೆಯ ಈ ತಾರತಮ್ಯ ಮಾತ್ರ ಇನ್ನೂ ಹೋಗಿಲ್ಲ. ಚೌಕ, ಕಾರಂಜಿ, ಬೆಂಚು ಅಂತ ನಕ್ಷೆ ಬಿಡಿಸುವವರು ಬೇಕಾದಷ್ಟು ಜನ ಸಿಗುತ್ತಾರೆ. ಈ ಒಂದು ಸಾಲು ತಿದ್ದುವವರು ಸಿಗುವುದಿಲ್ಲ.

ಇಷ್ಟೆಲ್ಲ ಹೇಳುವ ನಾನು ಇರುವುದೆಲ್ಲಿ? ಮ್ಯಾಂಚೆಸ್ಟರಿನ ಆನ್‌ಕೋಟ್ಸ್‌ನಲ್ಲಿ, ಹಳೇ ಹತ್ತಿ ಗಿರಣಿಯೊಂದನ್ನು ಫ್ಲಾಟ್ ಮಾಡಿದ ಕಟ್ಟಡದಲ್ಲಿ. ಹಬೆ ಯಂತ್ರದ ಗಿರಣಿಗಳು 1790ರ ದಶಕದಿಂದಲೇ ಇಲ್ಲಿ ನಿಂತಿದ್ದವು. ಗಿರಣಿ ಮುಚ್ಚಿ, ಸುತ್ತಲಿನ ಮನೆಗಳು ಕೆಡವಿಸಿಕೊಂಡು, ಇಪ್ಪತ್ತನೇ ಶತಮಾನದ ಕೊನೆಗೆ ಪಾರಿವಾಳಗಳು ಮಾತ್ರ ಉಳಿದಿದ್ದವು. ಸರ್ಕಾರದ ದುಡ್ಡಲ್ಲಿ ಗಿರಣಿಗಳನ್ನು ಕೊಂಡು, ಸೂರು ಭದ್ರ ಮಾಡಿ, ಆಮೇಲೆ ಬಿಲ್ಡರುಗಳಿಗೆ ಬಿಟ್ಟರು. ಇಟ್ಟಿಗೆ ಗೋಡೆ, ಕಬ್ಬಿಣದ ಕಂಬ, ಎತ್ತರದ ಕಿಟಕಿ. ಕೆಡವದೆ ಉಳಿಸಿದ್ದಕ್ಕೆ ಇದಕ್ಕಿಂತ ಒಳ್ಳೆ ಉದಾಹರಣೆ ಬೇಕಾ ಅಂತ ಬಂದವರಿಗೆಲ್ಲ ತೋರಿಸುತ್ತೇನೆ.

ಹೋದ ವರ್ಷ ನಮ್ಮ ಕಟ್ಟಡದ ನಿವಾಸಿಗಳ ಸಭೆ ಇತ್ತು. ಎದುರಿನ ಖಾಲಿ ಜಾಗದಲ್ಲಿ ಬರಲಿದ್ದ ಕಡಿಮೆ ಬಾಡಿಗೆಯ ಮನೆಗಳಿಗೆ ಆಕ್ಷೇಪ ಹಾಕಬೇಕೋ ಬೇಡವೋ ಅಂತ ಚರ್ಚೆ. ಬಿಸಿಲು ಅಡ್ಡವಾಗುತ್ತದೆ ಅಂತ ಒಬ್ಬರು, ಬಡಾವಣೆಯ ಸ್ವರೂಪ ಕೆಡುತ್ತದೆ ಅಂತ ಇನ್ನೊಬ್ಬರು. ನೀವೆಲ್ಲ ಎಷ್ಟು ವರ್ಷದಿಂದ ಇಲ್ಲಿದ್ದೀರಿ ಅಂತ ನಾನು ಸುಮ್ನೆ ಕೇಳಿದೆ. ಆ ಕೋಣೆಯಲ್ಲಿ ಎಲ್ಲರಿಗಿಂತ ಹಳಬ ನಾನೇ ಅಂತ ಗೊತ್ತಾಯಿತು. ಒಂಬತ್ತು ವರ್ಷ.