‘ಬಾ, ಮುಟ್ಟು’ ಅಂತ ಕರೆಯೋ ಶಂಖ

ನನ್ನ ಮೇಜಿನ ಮೇಲೆ ಒಂದು ಖಾಲಿ ಶಂಖ ಇದೆ, ಬೆರಳುದ್ದ, ಬುಗುರಿ ಥರ. ಯಾರೇ ಬರಲಿ, ಮಾತಾಡ್ತಾ ಮಾತಾಡ್ತಾ ಅವರ ಕೈ ತಾನಾಗೇ ಅಲ್ಲಿಗೆ ಹೋಗುತ್ತೆ, ಎತ್ಕೊಳ್ತಾರೆ, ತಿರುಗಿಸಿ ನೋಡ್ತಾರೆ, ಹೆಬ್ಬೆರಳಲ್ಲಿ ಸವರ್ತಾರೆ. ಕಂದು ಹೊಂಬಣ್ಣದ ಮೇಲೆ ಒಂದರ ಮೇಲೊಂದು ಬಿಳೀ ತ್ರಿಕೋನಗಳು, ಅವಕ್ಕೆ ಸಣ್ಣ ಕಪ್ಪು ಅಂಚು. ಇದರ ಹೆಸರು ಟೆಕ್ಸ್‌ಟೈಲ್ ಕೋನ್, 1758ರಲ್ಲಿ ಜೀವಿಗಳಿಗೆ ಹೆಸರಿಡ್ತಿದ್ದ ವಿಜ್ಞಾನಿ ಲಿನೇಯಸ್ ಇಟ್ಟಿದ್ದು. ಬಟ್ಟೆ ಅಂತ ಕರೆದಿದ್ದು ಸರಿಯಾಗೇ ಇದೆ ಬಿಡಿ.

ನಾಗರಹಾವು ಹೆಡೆ ಎತ್ತಿ ಬುಸ್ ಅನ್ನುತ್ತೆ, ಚೇಳು ಕೊಂಡಿ ಎತ್ತುತ್ತೆ, ಇದು ಮಾತ್ರ ಸುಮ್ನೆ ಬಿದ್ದಿರುತ್ತೆ. ಒಳಗಿರೋ ಬಸವನಹುಳುವಿಗೆ ಒಂದು ಸೊಂಡಿಲು, ಸೊಂಡಿಲ ತುದಿಯಲ್ಲಿ ಟೊಳ್ಳು ಹಲ್ಲು, ಹಲ್ಲಲ್ಲ ಅದು, ಮುಳ್ಳಿರೋ ಈಟಿ, ಇಂಜೆಕ್ಷನ್ ಸೂಜಿ ಥರ ವಿಷ ತುಂಬ್ಕೊಂಡಿರುತ್ತೆ, ಒಂದ್ಸಲ ಚುಚ್ಚಿದ್ಮೇಲೆ ಆ ಹಲ್ಲಿನ ಕಥೆ ಮುಗೀತು, ಚೀಲದಲ್ಲಿ ಇನ್ನಷ್ಟು ರೆಡಿ ಇರುತ್ವೆ. ಟೆಕ್ಸ್‌ಟೈಲ್ ಕೋನ್ ಬೇರೆ ಬಸವನಹುಳುಗಳನ್ನ ತಿನ್ನುತ್ತೆ, ಇದರ ಬಂಧು ಜಿಯಾಗ್ರಫಿ ಕೋನ್ ಮೀನನ್ನೇ ತಿನ್ನುತ್ತೆ. ತೆವಳೋ ಹುಳು ಈಜೋ ಮೀನನ್ನ ಹಿಡಿಯೋದು ಹೆಂಗೆ ಅಂತೀರಾ? ನೀರಿಗೆ ಇನ್ಸುಲಿನ್ ಬಿಡುತ್ತೆ! ಮೀನಿನ ಇನ್ಸುಲಿನ್ನಿನ ಥರದ್ದೇ ಇನ್ಸುಲಿನ್, 2015ರಲ್ಲಿ ಗೊತ್ತಾಗಿದ್ದು. ಮೀನಿಗೆ ಶುಗರ್ ಇಳಿದು ಮಂಪರು ಬರುತ್ತೆ, ಆಮೇಲೆ ಬಾಯನ್ನ ಬಲೆ ಥರ ಅಗಲಿಸಿ ಹಾಗೇ ಒಳಗೆ ಎಳ್ಕೊಳ್ಳುತ್ತೆ. ಮನುಷ್ಯರನ್ನ ಕೊಂದ ಅಪಖ್ಯಾತಿ ಹೆಚ್ಚಾಗಿ ಈ ಜಿಯಾಗ್ರಫಿ ಕೋನಿಗೇ. ವಿಷಕ್ಕೆ ಮದ್ದಿಲ್ಲ, ವಿಷ ಇಳಿಯೋ ತನಕ ಉಸಿರಾಟ ನಡೆಸಿಕೊಂಡು ಕಾಯ್ಬೇಕು ಅಷ್ಟೇ.

ಶಂಖದಿಂದ ಬಂದರೇನೇ ತೀರ್ಥ ಅಂತಾರಲ್ಲ, ಆ ಗಾದೆ ಮಾಡಿದವರು ಈ ಶಂಖ ನೋಡಿರಲಿಲ್ಲ ಅನ್ಸುತ್ತೆ. ಆದ್ರೂ ಗಾದೆ ಪೂರ್ತಿ ಸುಳ್ಳೂ ಅಲ್ಲ. ಫಿಲಿಪ್ಪೀನ್ಸಿನ ವಿಜ್ಞಾನಿ ಬಾಲ್ಡೊಮೆರೊ ಒಲಿವೇರಾ ಈ ವಿಷಗಳ ಬೆನ್ನು ಬಿದ್ದರು, ಕೋನಸ್ ಮ್ಯಾಗಸ್ ಅನ್ನೋ ಜಾತಿಯ ವಿಷದಿಂದ ಝಿಕೊನೊಟೈಡ್ ಅನ್ನೋ ನೋವಿನ ಔಷಧಿ ಬಂತು, 2004ರಲ್ಲಿ ಅಮೆರಿಕದಲ್ಲಿ ಒಪ್ಪಿಗೆನೂ ಸಿಕ್ತು. ಮಾರ್ಫಿನ್ನಿಗೂ ಬಗ್ಗದ ನೋವಿಗೆ ಅದನ್ನ ಬೆನ್ನುಹುರಿಯ ದ್ರವಕ್ಕೇ ಪಂಪಿನಿಂದ ಬಿಡ್ತಾರೆ.

ನನ್ನ ತಲೆ ಕೊರೆಯೋದು ವಿಷ ಅಲ್ಲ, ಡಿಸೈನ್. ಹುಳು ಬೆಳೀತಾ ಚಿಪ್ಪಿನ ಅಂಚಿಗೆ ಒಂದೊಂದೇ ಎಳೆ ಸೇರಿಸ್ತಾ ಹೋಗುತ್ತೆ, ಮಗ್ಗದಲ್ಲಿ ನೇಯ್ದ ಹಾಗೆ. ಕಂಪ್ಯೂಟರಿನಲ್ಲಿ ರೂಲ್ 30 ಅಂತ ಒಂದು ಚಿಕ್ಕ ಲೆಕ್ಕ ಇದೆ, ಮೇಲಿನ ಸಾಲಿನ ಮೂರು ಚೌಕ ನೋಡಿ ಕೆಳಗಿನ ಚೌಕ ಕಪ್ಪೋ ಬಿಳಿಯೋ ಅಂತ ತೀರ್ಮಾನ ಮಾಡೋದು, ಅದರಿಂದ ಬರೋ ಚಿತ್ರ ಈ ಚಿಪ್ಪಿನ ಅಣ್ಣತಮ್ಮನ ಹಾಗಿದೆ. ಇಷ್ಟೆಲ್ಲ ನೇಯ್ದು ತೋರಿಸೋದು ಯಾರಿಗೆ? ಬದುಕಿರೋವಾಗ ಚಿಪ್ಪಿನ ಮೇಲೆ ಒಂದು ಪೊರೆ ಇರುತ್ತೆ, ಚಿತ್ತಾರ ಮಸುಕು ಮಸುಕು. ಹಗಲೆಲ್ಲ ಮರಳಲ್ಲಿ ಹೂತ್ಕೊಂಡಿದ್ದು ರಾತ್ರಿ ಹೊರಗೆ ಬರುತ್ತೆ. ರೇಷ್ಮೆ ಸೀರೆ ಉಟ್ಟು ಮೇಲೆ ಗೋಣಿಚೀಲ ಹೊದ್ದು ಕತ್ತಲಲ್ಲಿ ಓಡಾಡಿದ ಹಾಗೆ.

ನೋಡೋದು ನಾವೇ, ನೋಡಿ ಮರುಳಾಗೋದೂ ನಾವೇ. ಡಚ್ ಚಿತ್ರಕಾರ ರೆಂಬ್ರಾಂಟ್ 1650ರಲ್ಲಿ ಇಂಥದೇ ಒಂದು ಕೋನ್ ಚಿಪ್ಪನ್ನ ತಾಮ್ರದ ತಗಡಿನಲ್ಲಿ ಕೆತ್ತಿದ. ಅಚ್ಚಿನಲ್ಲಿ ಸರಿಯಾಗಿ ಬರಲಿ ಅಂತ ತನ್ನ ಹೆಸರನ್ನ ಉಲ್ಟಾ ಬರೆದ, ಶಂಖವನ್ನ ಮಾತ್ರ ಇದ್ದ ಹಾಗೇ ಕೆತ್ತಿಬಿಟ್ಟ, ಅಚ್ಚಾದಾಗ ಅದರ ಸುರುಳಿ ಎಡಕ್ಕೆ ತಿರುಗಿತ್ತು!

ಬದುಕಿರೋ ಕೋನನ್ನ ಅಗಲದ ಕಡೆಯಿಂದ ಹಿಡಿದ್ರೆ ಏನೂ ಆಗಲ್ಲ ಅಂತ ಕೆಲವರು ಹೇಳ್ತಾರೆ, ನಂಬಬೇಡಿ, ಆ ಸೊಂಡಿಲು ಹಿಂದಿನ ತನಕಾನೂ ಬಾಗುತ್ತೆ. ನನ್ನದು ಖಾಲಿ ಚಿಪ್ಪು, ಗೊತ್ತು. ಆದ್ರೂ ಮೇಜು ಒರೆಸೋವಾಗ ಅದನ್ನ ಪೆನ್ಸಿಲ್ಲಿನಿಂದ ಪಕ್ಕಕ್ಕೆ ತಳ್ತೀನಿ.