ಟೋಪಿಗೊಂದು ಸಜ್ಜಾ

ಕೂಸು ಹುಟ್ಟೋಕೆ ಮೊದಲೇ ಕುಲಾವಿ ಹೊಲಿಸಿದರು ಅಂತ ಆಡಿಕೊಂಡವರು ಯಾರೋ ಏನೋ, ಅವರು ತಮ್ಮ ಕೈಯಾರೆ ಒಂದು ಕುಲಾವಿಯನ್ನೂ ಮಾಡಿದವರಲ್ಲ. ಮಾಡಿದ್ದರೆ, ಹುಟ್ಟೋಕೆ ಮೊದಲೇ ಶುರು ಮಾಡುವುದು ಎಷ್ಟು ಕ್ಷೇಮ ಅಂತ ಗೊತ್ತಿರುತ್ತಿತ್ತು. ನಮ್ಮ ಮನೆಯ ಕೂಸಿಗೆ ಮೂರು ತುಂಬಿ ನಾಲ್ಕರಲ್ಲಿ ಬಿದ್ದಿತ್ತು, ಬಾಯಿ ತೆಗೆದರೆ ಮುಚ್ಚುತ್ತಿರಲಿಲ್ಲ, ಟೋಪಿ ಮಾತ್ರ ಇನ್ನೂ ಹುಟ್ಟಿರಲಿಲ್ಲ.

ಬೇಡಿಕೆ ಬಂದದ್ದು ಏಪ್ರಿಲ್ ತಿಂಗಳಲ್ಲಿ. ದಾವಣಗೆರೆಯ ಏಪ್ರಿಲ್ ಅಂದರೆ ಬೆಣ್ಣೆದೋಸೆಯ ಕಾವಲಿ ಮುಂದೆ ನಿಂತವನಿಗೂ ರಸ್ತೆಯಲ್ಲಿ ನಿಂತವನಿಗೂ ಬೆವರಿನಲ್ಲಿ ಭೇದ ಇರುವುದಿಲ್ಲ. ಬೆಂಗಳೂರಿನಿಂದ ರಜಕ್ಕೆ ಬಂದ ಮೊಮ್ಮಗನನ್ನು ಚಿತ್ರದುರ್ಗದ ಕೋಟೆಗೆ ಕರೆದುಕೊಂಡು ಹೋಗುವುದು ಅಂತಾಗಿತ್ತು. ಹೆದ್ದಾರಿಯಲ್ಲಿ ಸುಮಾರು 60 ಕಿಲೋಮೀಟರ್, ಒಂದು ಗಂಟೆಯ ದಾರಿ. ಆದರೆ ಅಲ್ಲಿ ಬಂಡೆ ಕಾಯುತ್ತದೆ, ನೆರಳು ಹುಡುಕಬೇಕು. ಟೋಪಿ ಬೇಕೇ ಬೇಕು. ಎಂಥ ಟೋಪಿ ಅಂತ ಕೇಳಿದರೆ ಅವನು ಅಂಗೈಯನ್ನು ಹಣೆಗೆ ಅಡ್ಡ ಹಿಡಿದು ತೋರಿಸಿದ: "ಹಿಂಗೆ ಮುಂದೆ ಬರೋದು ಅಜ್ಜಿ."

"ಅಶೋಕ ರೋಡಲ್ಲಿ ರಾಶಿ ಬಿದ್ದಾವೆ, ಒಂದು ತಂದು ಕೊಡು" ಅಂದರು ನಮ್ಮನೆಯವರು. ಅವರು ಹಾಗೆ ಅಂದದ್ದೇ ತಪ್ಪಾಯಿತು. ಅನ್ನದೇ ಇದ್ದಿದ್ದರೆ ನಾನೇ ಹೋಗಿ ತರುತ್ತಿದ್ದೆನೇನೋ.

ಆ ಮುಂದೆ ಬರುವುದಕ್ಕೆ ನಮ್ಮ ಭಾಷೆಯಲ್ಲಿ ಏನನ್ನುತ್ತಾರೆ ಅಂತ ನನಗೆ ಅವತ್ತು ಮೊದಲ ಸಲ ಯೋಚನೆ ಬಂತು. ನಮ್ಮ ತಲೆಗಳಿಗೆ ಏನೇನು ಇರಲಿಲ್ಲ! ಕೂಸಿಗೆ ಕುಲಾವಿ, ಕುಂಚಿಗೆ. ಗಂಡಸಿಗೆ ರುಮಾಲು, ಪೇಟ. ಹೊಲದಲ್ಲಿ ಟವೆಲು, ಮಳೆಗೆ ಕಂಬಳಿ ಕೊಪ್ಪೆ, ಮಲೆನಾಡಿನ ಕಡೆಯವರಿಗೆ ಗೊರಬು. ಹೆಂಗಸಿಗೆ ಸೆರಗಿತ್ತು. ಎಲ್ಲ ಕಿವಿ ಮುಚ್ಚುವಂಥವು, ನೆತ್ತಿ ಮುಚ್ಚುವಂಥವು. ಹಣೆಯ ಮುಂದೆ ನಾಲ್ಕು ಬೆರಳು ಚಾಚಿಕೊಂಡು ನಿಲ್ಲುವುದು ಒಂದೂ ಇಲ್ಲ. ಕಣ್ಣಿಗೆ ಬಿಸಿಲು ಹೊಡೆದರೆ ನಮ್ಮಪ್ಪ ಮೊಮ್ಮಗ ಮಾಡಿದ ಹಾಗೇ ಕೈ ಅಡ್ಡ ಹಿಡಿದು ಮೋಡ ನೋಡುತ್ತಿದ್ದ. ವಸ್ತುವೇ ಇಲ್ಲದ ಮೇಲೆ ಹೆಸರೆಲ್ಲಿಂದ ಬರಬೇಕು? ಮೊಮ್ಮಗ ಅದನ್ನು ಟೋಪಿಯ ನಾಲಿಗೆ ಅಂದ. ಚೌಕಿಪೇಟೆಯಲ್ಲಿ ನೂಲು ಮಾರುವ ಹುಡುಗ "ಮೂತಿ" ಅಂದ. ನಮ್ಮನೆಯವರು ಓವರ್‌ಸಿಯರ್ ಆಗಿ ನಿವೃತ್ತರಾದವರು. ಪೇಪರಿನಿಂದ ತಲೆ ಎತ್ತದೆ "ಸಜ್ಜಾ ಅನ್ನು" ಅಂದರು. ಕಿಟಕಿ ಮೇಲೆ ಮಳೆ ಬಿಸಿಲು ಬೀಳದಂತೆ ಗೋಡೆಯಿಂದ ಚಾಚಿರುತ್ತದಲ್ಲ, ಅದು. ಇಂಥ ಸರಿಯಾದ ಮಾತು ಅವರ ಬಾಯಲ್ಲಿ ವರ್ಷಕ್ಕೊಂದು ಬರುತ್ತದೆ.

ಟೋಪಿ ನಾನೇ ಹೆಣೆಯುವುದು ಅಂತಾಯಿತು. ಕೊಕ್ಕೆಯಲ್ಲಿ ನೂಲು ಹೆಣೆಯುವ ಈ ಕ್ರೋಶಾ ನನಗೆ ಅವ್ವನಿಂದ ಬಂದದ್ದು. ನಮ್ಮಪ್ಪ ಇಲ್ಲಿನ ಒಂದು ಹತ್ತಿ ಮಿಲ್ಲಿನಲ್ಲಿದ್ದ. ಊರನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅಂತ ಕರೆಯುತ್ತಿದ್ದ ಕಾಲ. ಮಿಲ್ಲಿನ ಸೈರನ್ ಕೂಗಿದರೆ ಗಡಿಯಾರ ನೋಡುವ ಕೆಲಸವಿರಲಿಲ್ಲ. ಅಪ್ಪ ತಲೆಯಲ್ಲಿ ಹತ್ತಿಯ ಹಿಂಜು ಮೆತ್ತಿಕೊಂಡು ಮನೆಗೆ ಬರುತ್ತಿದ್ದ, ಮೂವತ್ತಕ್ಕೇ ಮುದುಕನಂತೆ. ಅವ್ವ ಆ ನೂಲಿನ ಊರಲ್ಲಿ ಕೂತು ಒಂದು ಉಕ್ಕಿನ ಕೊಕ್ಕೆ ಹಿಡಿದು ಒಂದೊಂದೇ ಕುಣಿಕೆ ಎಳೆಯುತ್ತಿದ್ದಳು. ರೇಡಿಯೋಗೆ ಹೊದಿಕೆ, ಬಾಗಿಲಿಗೆ ತೋರಣ, ನೀರಿನ ಲೋಟಕ್ಕೆ ಅಂಚಿನಲ್ಲಿ ಮಣಿ ಕಟ್ಟಿದ ಮುಚ್ಚಳ. ನಮ್ಮ ಮನೆಯಲ್ಲಿ ಮೈ ಮೇಲೆ ಬಟ್ಟೆಯಿಲ್ಲದೆ ಇದ್ದದ್ದು ಒಲೆ ಒಂದೇ. "ಸ್ವೆಟರ್ ಹೆಣೆಯೋಕೆ ಮೆಷಿನ್ ಬಂದೈತೆ, ಇದಕ್ಕೆ ಬಂದಿಲ್ಲ" ಅಂತ ಅವ್ವ ಹೆಮ್ಮೆಯಿಂದ ಹೇಳುತ್ತಿದ್ದಳು, ಅಪ್ಪನಿಗೆ ಕೇಳುವಂತೆ. ಅದು ಇವತ್ತಿಗೂ ನಿಜ. ಈ ಕೊಕ್ಕೆ ಹೋಗಿ ನೂಲನ್ನು ಹಿಡಿದು ಕುಣಿಕೆಯೊಳಗಿಂದ ಎಳೆದು ತರುವ ಆಟವನ್ನು ಆಡುವ ಯಂತ್ರ ಬಟ್ಟೆ ಮಿಲ್ಲುಗಳಿಗೆ ಬರಲೇ ಇಲ್ಲ. ಅಪ್ಪನ ಮಿಲ್ಲು ಮುಚ್ಚಿ ಎಷ್ಟೋ ವರ್ಷವಾಯಿತು. ಅವ್ವನ ಕೊಕ್ಕೆ ನನ್ನ ಡಬ್ಬಿಯಲ್ಲಿದೆ, ಹಿಡಿಯುವ ಕಡೆ ಹೆಬ್ಬೆರಳಿನ ಗುರುತಿಗೆ ಸವೆದು ಚಪ್ಪಟೆಯಾಗಿದೆ.

ಉಲ್ಲನ್ ಆಗುವುದಿಲ್ಲ, ಏಪ್ರಿಲ್‌ನಲ್ಲಿ ಮಗುವಿನ ತಲೆಗೆ ಉಲ್ಲನ್ ಹಾಕುವುದು ಒಂದು ಶಿಕ್ಷೆ. ಆಂಕರ್ ಹತ್ತಿ ನೂಲಿನ ಉಂಡೆ ತಂದೆ, ಆಕಾಶದ ಬಣ್ಣದ್ದು. ಕೂತಲ್ಲಿ ಕೂರದ ಹುಡುಗನ ತಲೆಯನ್ನು ಅವನು ಮಲಗಿದ ಮೇಲೆ ಅಳತೆ ಮಾಡಿದೆ: 49 ಸೆಂಟಿಮೀಟರ್. ಟೋಪಿ ಕೊಂಚ ಬಿಗಿ ಇರಬೇಕು, 48 ಸಾಕು. 2.5 ಮಿಲಿಮೀಟರಿನ ಕೊಕ್ಕೆಯಲ್ಲಿ ನನ್ನ ಕೈಗೆ 10 ಸೆಂಟಿಮೀಟರಿಗೆ 20 ಕುಣಿಕೆ ಬೀಳುತ್ತವೆ, ಅಂದರೆ ಒಟ್ಟು 96.

ನೆತ್ತಿಯಿಂದ ಶುರು. ಮೊದಲ ಸುತ್ತಿಗೆ 6 ಕುಣಿಕೆ, ಎರಡಕ್ಕೆ 12, ಮೂರಕ್ಕೆ 18. ಸುತ್ತಿಗೆ ಆರಾರೇ ಏರಬೇಕು. ಆಸೆಬುರುಕಿಯಾಗಿ ಎಂಟೆಂಟು ಏರಿಸಿದಿರೋ, ಅಂಚು ಸೀರೆಯ ನೆರಿಗೆಯಂತೆ ಅಲೆ ಅಲೆಯಾಗಿ ಏಳುತ್ತದೆ. ನಾಲ್ಕು ಏರಿಸಿ ಜಿಪುಣತನ ಮಾಡಿದರೆ ಬಟ್ಟಲಿನಂತೆ ಮುದುರಿಕೊಳ್ಳುತ್ತದೆ. ಆರಾದರೆ ಮಾತ್ರ ರೊಟ್ಟಿ ತಟ್ಟಿದ ಹಾಗೆ ಸಮನಾಗಿ ಅಗಲವಾಗುತ್ತಾ ಹೋಗುತ್ತದೆ. ಹದಿನಾರನೇ ಸುತ್ತಿಗೆ ಸರಿಯಾಗಿ 96. ಅಲ್ಲಿಂದ ಮುಂದೆ ಏರಿಸುವುದು ನಿಲ್ಲಿಸಿ ಅದೇ ಲೆಕ್ಕದಲ್ಲಿ ಸುತ್ತುತ್ತಾ ಹೋದರೆ ತಟ್ಟೆ ತಾನಾಗಿ ಗೋಡೆ ಎಬ್ಬಿಸಿಕೊಂಡು ಟೋಪಿಯಾಗುತ್ತದೆ. ಇದು ಮೂರು ಸಂಜೆಯ ಕೆಲಸ. ಕೈ ತನ್ನ ಪಾಡಿಗೆ ಓಡುತ್ತದೆ, ಧಾರಾವಾಹಿ ನೋಡಬಹುದು, ಸೊಸೆಯಂದಿರ ಕಷ್ಟಕ್ಕೆ ಲೊಚಗುಟ್ಟಬಹುದು.

ಸಜ್ಜಾ ಹಾಗಲ್ಲ. 96ರಲ್ಲಿ ಮೂರರಲ್ಲೊಂದು ಪಾಲು, 32 ಕುಣಿಕೆಯ ಮೇಲೆ ಹೋಗುತ್ತಾ ಬರುತ್ತಾ, ಎರಡೂ ತುದಿಯಲ್ಲಿ ಒಂದೊಂದು ಬಿಡುತ್ತಾ ಬಂದೆ, ಬಿದಿಗೆ ಚಂದ್ರನ ಆಕಾರ ಬಂತು. ಮೊಮ್ಮಗನ ತಲೆಗಿಟ್ಟರೆ ಆ ಚಂದ್ರ ಬಾಡಿದ ವೀಳ್ಯದೆಲೆಯಂತೆ ಮೂಗಿನ ಮೇಲೆ ಇಳಿಬಿತ್ತು. ಬಿಚ್ಚಿ, 2 ಮಿಲಿಮೀಟರಿನ ಕೊಕ್ಕೆಯಲ್ಲಿ ಬಿಗಿಯಾಗಿ ಹಾಕಿದೆ. ಬೆರಳು ಊದಿಕೊಂಡಿತೇ ಹೊರತು ಎಲೆ ಎದ್ದು ನಿಲ್ಲಲಿಲ್ಲ. ಕ್ರೋಶಾದ ಗುಣವೇ ಅದು. ಕುಣಿಕೆಗೆ ಕುಣಿಕೆ ಜೋತುಬಿದ್ದು ಆದ ಬಟ್ಟೆ, ಎಲ್ಲಿ ಇಟ್ಟರೆ ಅಲ್ಲಿನ ಆಕಾರಕ್ಕೆ ಒಗ್ಗುತ್ತದೆ. ಅದಕ್ಕೆ ನೆಟ್ಟಗೆ ನಿಲ್ಲು ಅನ್ನುವುದು ನಮ್ಮ ಅತ್ತಿಗೆಗೆ ಗುಟ್ಟು ಇಟ್ಟುಕೋ ಅಂದ ಹಾಗೆ.

ಅವ್ವನ ಉಪಾಯ ನೆನಪಾಯಿತು. ಕ್ರೋಶಾದಲ್ಲಿ ಹೂವಿನ ಬುಟ್ಟಿ ಮಾಡಿದಾಗ ಸಕ್ಕರೆ ನೀರಲ್ಲಿ ಅದ್ದಿ ಬಟ್ಟಲಿನ ಮೇಲೆ ಕವುಚಿ ಒಣಗಿಸುತ್ತಿದ್ದಳು, ಬುಟ್ಟಿ ಗಾಜಿನಂತೆ ನಿಲ್ಲುತ್ತಿತ್ತು. ಸರಿ, ಸಮಸಮ ಸಕ್ಕರೆ ನೀರು ಕಾಸಿದೆ. ನಾನೋ ಮೈಸೂರುಪಾಕಿನ ಕೈಯವಳು, ಸುಮ್ಮನೆ ಕರಗಿದರೆ ಸಮಾಧಾನವಿಲ್ಲ. ಒಂದೆಳೆ ಪಾಕ ಬರುವ ತನಕ ಬಿಟ್ಟು, ಸಜ್ಜಾ ಅದ್ದಿ, ತಟ್ಟೆಯ ಬೆನ್ನಿನ ಮೇಲೆ ಹರಡಿ ಮಲಗಿದೆ. ಬೆಳಿಗ್ಗೆ ಎದ್ದು ನೋಡಿದರೆ ನೀಲಿ ಟೋಪಿಗೆ ಕಪ್ಪು ಅಂಚು ಬಂದಿತ್ತು. ನಾನು ಹಾಕದ ಅಂಚು. ಹತ್ತಿರ ಹೋದಾಗ ಅದು ಚಲಿಸುತ್ತಿತ್ತು. ಅಡುಗೆಮನೆ ಕಿಟಕಿಯಿಂದ ಸಿಂಕಿನ ಪಕ್ಕ ಹಾದು ತಟ್ಟೆಯ ತನಕ ಇರುವೆಗಳ ಜಾತ್ರೆ. ಅವ್ವನ ಬುಟ್ಟಿಗಳನ್ನು ಇರುವೆ ಯಾಕೆ ಮುಟ್ಟುತ್ತಿರಲಿಲ್ಲ ಅಂತ ಈಗ ಕೇಳೋಣ ಅಂದರೆ ಅವ್ವ ಇಲ್ಲ.

ಪಕ್ಕದ ಮನೆಯವರು ಚಳ್ಳಕೆರೆ ಕಡೆಯವರು. "ಅಕ್ಕಾ, ಸಕ್ಕರೆ ಹಾಕ್ತಾರೇನ್ರಿ! ಹುಣಸೆಬೀಜದ ಗಂಜಿ ಹಾಕ್ರಿ, ನಮ್ ಕಡೆ ಕಂಬಳಿಗೆ ಅದನ್ನೇ ಹಾಕೋದು" ಅಂದರು. ಅದೂ ಖರೆ. ಕುರಿ ಉಣ್ಣೆಯ ಕಂಬಳಿ ನೇಯುವವರು ಹುಣಸೆಬೀಜ ಅರೆದು ಕುದಿಸಿದ ಅಂಟನ್ನು ನೂಲಿಗೆ ಉಣಿಸುತ್ತಾರೆ, ಹೊಸ ಕಂಬಳಿ ತಗಡಿನಂತೆ ನಿಲ್ಲುವುದು ಅದರಿಂದಲೇ. ನನ್ನ ಸಜ್ಜಾನೂ ನಿಂತಿತು, ಬಲು ಚೆನ್ನಾಗಿ ನಿಂತಿತು. ಆದರೆ ಮೊಮ್ಮಗ ಅದನ್ನು ಹಾಕಿಕೊಂಡು ನಲ್ಲಿಯ ಕೆಳಗೆ ತಲೆ ಒಡ್ಡಿದ. ಕಂಬಳಿಯನ್ನು ಯಾರೂ ದಿನಾ ಒಗೆಯುವುದಿಲ್ಲ, ಮಕ್ಕಳ ಟೋಪಿಯ ಹಣೆಬರಹ ಬೇರೆ. ಆಮೇಲೆ ಐಸ್‌ಕ್ರೀಂ ಡಬ್ಬಿಯ ಮುಚ್ಚಳ ಕತ್ತರಿಸಿ ಒಳಗಿಟ್ಟದ್ದೂ ಆಯಿತು. ಅವನು ಅದರ ಮೇಲೆ ಕೂತ, ಲಟಕ್ ಅಂತು.

ಈ ಹೊತ್ತಿಗೆ ನಮ್ಮನೆಯವರಿಗೆ ಆಸಕ್ತಿ ಬಂದಿತ್ತು. ಸೋಲುವ ಕೆಲಸ ಕಂಡರೆ ಓವರ್‌ಸಿಯರ್‌ಗಳಿಗೆ ಒಂದು ಹುರುಪು. "ಕಬ್ಬಿಣ ಇಲ್ದೆ ಸಜ್ಜಾ ನಿಲ್ತದೇನೇ? ಸಜ್ಜಾದಾಗೆ ಎಳೆತ ಬೀಳೋದು ಮೇಲ್ಗಡೆ, ಕಬ್ಬಿಣ ಮೇಲೇ ಇರಬೇಕು. ಕಾಂಕ್ರೀಟ್ ಹಾಕೋರು ಕಂಬಿ ಮೇಲೆ ಓಡಾಡಿ ಕೆಳಗೆ ತುಳಿದುಬಿಡ್ತಾರೆ, ಸೆಂಟ್ರಿಂಗ್ ಬಿಚ್ಚಿದ ದಿನ ಸಜ್ಜಾ ನೆಲಕ್ಕೆ" ಅಂತ ಒಂದು ಪಾಠ. ಪಾಠ ಮುಗಿಸಿ ಬೀರು ತೆಗೆದು ದೊಡ್ಡ ಕಂದು ಕವರೊಂದನ್ನು ತಂದರು. ಅವರ ಮೊಣಕಾಲಿನ ಎಕ್ಸ್‌ರೇ. ಡಾಕ್ಟರು ಮೆಟ್ಟಿಲು ಹತ್ತಬೇಡಿ ಅಂದಾಗ ಕೊಟ್ಟದ್ದು, ಆಮೇಲೆ ಅದನ್ನು ನೋಡಿದವರಿಲ್ಲ, ಎಸೆದವರೂ ಇಲ್ಲ.

ಎಕ್ಸ್‌ರೇ ಹಾಳೆಯಷ್ಟು ಒಳ್ಳೆಯ ಸಾಮಾನು ಇನ್ನೊಂದಿಲ್ಲ ಅಂತ ಈಗ ಹೇಳಬಲ್ಲೆ. ಬಗ್ಗಿಸಿದರೆ ಬಗ್ಗುತ್ತದೆ, ಬಿಟ್ಟರೆ ಚಟ್ಟನೆ ಎದ್ದು ನಿಲ್ಲುತ್ತದೆ. ಮುರಿಯುವುದಿಲ್ಲ, ಸಾದಾ ಕತ್ತರಿಗೇ ಬಗ್ಗುತ್ತದೆ. ಚಂದ್ರನಂಥ ಎರಡು ತುಂಡು ಕ್ರೋಶಾ ಹಾಕಿ, ಅವೆರಡರ ನಡುವೆ ಹಾಳೆ ಇಟ್ಟು, ಅಂಚನ್ನು ಒಟ್ಟಿಗೆ ಹಿಡಿದು ಕುಣಿಕೆ ಹಾಕುತ್ತಾ ಬಂದರೆ ಹೋಳಿಗೆಯೊಳಗೆ ಹೂರಣ ಕೂತಂತೆ ಕೂರುತ್ತದೆ. ಹಾಳೆಯನ್ನು ಬಟ್ಟೆಗಿಂತ ಎರಡು ಮೂರು ಮಿಲಿಮೀಟರ್ ಚಿಕ್ಕದಾಗಿ ಕತ್ತರಿಸಬೇಕು. ಇದನ್ನು ಕಲಿತದ್ದು ಒಂದು ಸಲ ಬಿಚ್ಚಿದ ಮೇಲೆ. ಮೂಲೆ ಚೂಪಾಗಿದ್ದರೆ ಕುಣಿಕೆಯ ಸಂದಿನಿಂದ ಹೊರಗೆ ಇಣುಕಿ ಮಗುವಿನ ಹುಬ್ಬಿಗೆ ಚುಚ್ಚುತ್ತದೆ. ಎರಡೂ ಮೂಲೆಯನ್ನು ಉಗುರು ಕತ್ತರಿಸುವ ನೇಲ್‌ಕಟರ್‌ನಲ್ಲಿ ದುಂಡಗೆ ಕಚ್ಚಿಸಿ, ನನ್ನ ಕೆನ್ನೆಗೆ ಉಜ್ಜಿ ನೋಡಿ, ನೀರು ತಾಗದಿರಲಿ ಅಂತ ಎರಡು ಬದಿಗೂ ಅಗಲದ ಟೇಪ್ ಅಂಟಿಸಿದೆ.

ಕತ್ತರಿಸುವ ಮೊದಲು ಇವರು ಹಾಳೆಯನ್ನು ಕಿಟಕಿಯ ಬೆಳಕಿಗೆ ಹಿಡಿದು, ಚಿಪ್ಪು ಸರಿಯಾಗಿ ನಡುಮಧ್ಯ ಬರುವಂತೆ ಪೆನ್ನಿನಲ್ಲಿ ಗುರುತು ಹಾಕಿಕೊಟ್ಟರು. ಒಳಗೆ ಹೋದ ಮೇಲೆ ಯಾರಿಗೂ ಕಾಣುವುದಲ್ಲ. ಆದರೂ ನಡುಮಧ್ಯವೇ ಬರಬೇಕಂತೆ.

ಸುದ್ದಿ ಕೇಳಿದ ಪಕ್ಕದ ಮನೆಯವರು ಬಾಯಿ ಮೇಲೆ ಕೈಯಿಟ್ಟರು. "ಅಯ್ಯೋ ಶಿವನೇ, ಅಜ್ಜನ ಕಾಲು ಮೊಮ್ಮಗನ ತಲೆ ಮ್ಯಾಲೆ ಇಡೋದಾ?" ಎಕ್ಸ್‌ರೇ ಕಾಲು ಕಾಲಿನ ಲೆಕ್ಕಕ್ಕೆ ಬರುತ್ತದೋ ಇಲ್ಲವೋ ಅಂತ ಶಾಸ್ತ್ರದಲ್ಲಿ ಬರೆದಿರಲಾರದು. "ವಾಮನ ಇಟ್ಟಿರಲಿಲ್ವೇನ್ರಿ ಬಲಿಯ ತಲೆ ಮೇಲೆ" ಅಂದರು ಇವರು. ಬಲಿ ಅಲ್ಲಿಂದ ಸೀದಾ ಪಾತಾಳಕ್ಕೆ ಹೋದದ್ದನ್ನು ಯಾರೂ ಎತ್ತಲಿಲ್ಲ.

ಟೋಪಿ ಹಾಕಿಕೊಂಡು ಕನ್ನಡಿ ಮುಂದೆ ನಿಂತ ಮೊಮ್ಮಗ ಒಂದು ನಿಮಿಷ ನೋಡಿಕೊಂಡ. ಆಮೇಲೆ ಸಜ್ಜಾವನ್ನು ಹಿಡಿದು ಗಿರ್ರನೆ ಹಿಂದಕ್ಕೆ ತಿರುಗಿಸಿದ. ಒಂಬತ್ತು ದಿನ ನಾನು ಹೋರಾಡಿ ನಿಲ್ಲಿಸಿದ್ದು ಅವನ ಕುತ್ತಿಗೆಯ ಮೇಲೆ ನೆಟ್ಟಗೆ ನಿಂತಿತ್ತು, ಹಣೆಯ ತುಂಬ ಬಿಸಿಲು. "ಅಣ್ಣಂದಿರು ಹಿಂಗೇ ಹಾಕ್ಕೊಳೋದು ಅಜ್ಜಿ."

ಕೋಟೆಗೆ ಹೋದದ್ದು ಒಂದು ಸೋಮವಾರ. ಇವರು ಹೆಬ್ಬಾಗಿಲು ದಾಟಿ ಸ್ವಲ್ಪ ದೂರದಲ್ಲೇ ಒಂದು ಕಲ್ಲು ಕಟ್ಟೆಯ ನೆರಳು ಹಿಡಿದು ಕೂತುಬಿಟ್ಟರು. ಮುಂದಕ್ಕೆ ಮೆಟ್ಟಿಲು. ನಾನೂ ಮಗಳೂ ಆ ಹುಡುಗನ ಹಿಂದೆ ಹೊರಟೆವು. ಅಲ್ಲಿನ ಬಾಗಿಲುಗಳು ಒಂದಕ್ಕೊಂದು ನೇರವಾಗಿಲ್ಲ, ಆನೆ ಓಡಿಬಂದು ಗುದ್ದದ ಹಾಗೆ ದಾರಿಯನ್ನು ಅಡ್ಡಡ್ಡ ತಿರುಗಿಸಿದ್ದಾರೆ. ತಿರುವಿಗೊಂದು ಸಲ ನಿಂತು ಏದುಸಿರು ಬಿಡಲು ನನ್ನಂಥವರಿಗೂ ಅನುಕೂಲ. ಮೇಲೆ ಹೋದಂತೆ ಗಾಳಿ. ಸುತ್ತಲಿನ ಗುಡ್ಡಗಳ ಮೇಲೆ ಗಾಳಿಯಂತ್ರ ಸುಮ್ಮನೆ ನಿಲ್ಲಿಸಿಲ್ಲ. ಸಜ್ಜಾ ಮುಂದಿದ್ದಿದ್ದರೆ ಟೋಪಿ ಹಾರಿ ಯಾವುದಾದರೂ ಹೊಂಡ ಸೇರುತ್ತಿತ್ತೋ ಏನೋ. ಹಿಂದಿತ್ತು, ಉಳಿಯಿತು. ಅವನಿಗೆ ಇದನ್ನು ಹೇಳಲಿಲ್ಲ.

ಓಬವ್ವನ ಕಿಂಡಿಯ ಹತ್ತಿರ ಕತೆ ಹೇಳಿದೆ. ಗಂಡ ಊಟಕ್ಕೆ ಕೂತದ್ದು, ನೀರು ತರಲು ಹೋದವಳಿಗೆ ಹೈದರನ ಸೈನಿಕರು ಬಂಡೆಯ ಸಂದಿನಿಂದ ತೂರಿ ಬರುವುದು ಕಂಡದ್ದು, ಒನಕೆ ಎತ್ತಿಕೊಂಡದ್ದು. ಅವನು ಪೂರ್ತಿ ಕೇಳದೆ ತಾನೇ ಸೈನಿಕನಾಗಿ ಸಂದಿಗೆ ತಲೆ ತೂರಿಸಿದ. ಸಜ್ಜಾ ಬಂಡೆಗೆ ಬಡಿದು ಪೂರ್ತಿ ಮಡಚಿಕೊಂಡಿತು. ತಲೆ ಹೊರಗೆ ಬರುತ್ತಲೇ ಚಟ್ಟನೆ ಎದ್ದು ನಿಂತಿತು. ನಾನು ಒನಕೆ ಮರೆತು ಸಜ್ಜಾ ನೋಡುತ್ತಾ ನಿಂತಿದ್ದೆ.

ಇಳಿದು ಬಂದಾಗ ಇವರು ಅದೇ ಕಟ್ಟೆಯ ಮೇಲಿದ್ದರು, ಸೌತೆಕಾಯಿಗೆ ಉಪ್ಪು ಖಾರ ಹಚ್ಚಿಸಿಕೊಂಡು.

"ಏನಪ್ಪಾ, ನನ್ ಮೊಣಕಾಲು ಎಲ್ಲೀತನಕ ಹತ್ತಿತು?"

ಹುಡುಗ ಟೋಪಿ ತೆಗೆದು ಸಜ್ಜಾವನ್ನು ಒಂದು ಸಲ ಒತ್ತಿ ನೋಡಿದ. "ಮೇಲಿನ ತನಕ. ಕಿಂಡೀಲಿ ಡಬ್ ಅಂತ ಹೊಡ್ಕೊಂತು ಅಜ್ಜ. ಅಳ್ಲಿಲ್ಲ."

ಇವರು ಸೌತೆಕಾಯಿ ಕೆಳಗಿಟ್ಟು ತಮ್ಮ ಬಲಗಾಲಿನ ಮೊಣಕಾಲನ್ನು ಮೆಲ್ಲಗೆ ಸವರಿಕೊಂಡರು. ಎಕ್ಸ್‌ರೇ ಎಡಗಾಲಿನದು. ನಾನು ಬಾಯಿ ಬಿಡಲಿಲ್ಲ.